ಎಲ್ಲ ತಾನಾಗಿಯೇ ಆಗುತ್ತದೆ

ಮಾರ್ಚ್ 3, ಸೋಮವಾರ

ಇಂದು ಉಪವಾಸ. ಎದ್ದು ನೀರು ತುಂಬಿಸಿ, ಒಳಗೂ ಹೊರಗೂ ಗುಡಿಸಿ ಒರೆಸಿ, ಸ್ನಾನ ಮುಗಿಸಿ ದೇವರಿಗೆ ದೀಪ ಹಚ್ಚಿದೆ. ಮನೆಯವರಿಗೆ ಮಧ್ಯಾಹ್ನದ ಊಟ ಮಾಡಿ ಮುಚ್ಚಿಟ್ಟೆ. ಮಹಡಿಯ ಮನೆಯಲ್ಲಿರುವ ನನ್ನ ತಮ್ಮ ಇಳಿದು ಬಂದು ಕೊನೆಯ ಮೆಟ್ಟಿಲ ಮೇಲೆ ಕುಳಿತು ನಾನು ಕೊಟ್ಟ ಚಹಾ ಕುಡಿದ. ಮೇಲೆ ಹೆಂಡತಿ ಮಾಡಿಕೊಟ್ಟಿದ್ದನ್ನು ಕುಡಿದೇ ಬಂದಿರುತ್ತಾನೆ. ಕೇಳಿದರೆ, "ಅದು ಮೆಟ್ಟಿಲು ಇಳಿಯೋಕೆ, ಇದು ಆಸ್ಪತ್ರೆ ತನಕ ನಡೆಯೋಕೆ" ಅನ್ನುತ್ತಾನೆ. ದಿನದ ಹಾಗೆ ಇಬ್ಬರೂ ಒಟ್ಟಿಗೆ ನಡೆದು ಕೆಲಸಕ್ಕೆ ಹೋದೆವು.

ಮಧ್ಯಾಹ್ನ ಸಂಘದ ವಕೀಲೆ ಮೇಡಂ ವಾರ್ಡಿನ ಬಟ್ಟೆಕೋಣೆಗೆ ಬಂದರು. ನಾವು ಆಯಾಗಳೆಲ್ಲ ಒಗೆದ ಬೆಡ್‌ಶೀಟುಗಳ ನಡುವೆ ಜಾಗ ಮಾಡಿಕೊಂಡು ನಿಂತೆವು. ಅವರು ಹೇಳಿದ್ದರಲ್ಲಿ ನನಗೆ ತಿಳಿದಷ್ಟು ಬರೆಯುತ್ತೇನೆ. ಆಯಾಗಳದು ಒಂದು ದರ್ಜೆ, ವಾರ್ಡ್‌ಬಾಯ್‌ಗಳದು ಅದಕ್ಕಿಂತ ಮೇಲಿನ ದರ್ಜೆ. ಗಂಡಸರದು ಭಾರದ ಕೆಲಸ, ನಮ್ಮದು ಹಗುರವಾದದ್ದು ಎಂದು ಹಿಂದೆ ಯಾರೋ ಬರೆದಿಟ್ಟುಬಿಟ್ಟಿದ್ದಾರಂತೆ. ಸಂಬಳ ಆ ಪ್ರಕಾರವೇ ಬರುತ್ತಿದೆ. ಅದು ಸರಿಯಲ್ಲ ಎಂದು ವೇತನ ಮಂಡಳಿಯ ಮುಂದೆ ಕೇಸು ಹಾಕುತ್ತಾರೆ. ಎಲ್ಲರಿಗಿಂತ ಹಳಬಳು ಎಂದು ನನ್ನ ಹೆಸರು ಮೊದಲು. ನಾನು ಬೇಡವೆಂದೆ. ನನಗೆ ಇದು ಸೇವೆ. ದೇವರು ಕೊಟ್ಟ ಸೇವೆಗೆ ದರ್ಜೆ ಏನು? ಆದರೆ ಗುಡುಗು ಬಿಡಬೇಕಲ್ಲ. ಇವಳು ನನ್ನ ಜೊತೆಯ ಆಯಾ. ಅವಳ ದನಿ ಕೇಳಿಯೇ ಆ ಹೆಸರು ಬಿದ್ದದ್ದು. "ದೊಡ್ಡಮ್ಮ, ನೀವು ಸೇವೆ ಮಾಡಿ, ನಮ್ಗೆ ಸಂಬಳ ಕೊಡಿಸಿ, ಎರಡೂ ಆಗುತ್ತೆ" ಎಂದಳು. ಎಲ್ಲರೂ ನಕ್ಕರು. ನಾನೂ ನಕ್ಕು ಸಹಿ ಹಾಕಿದೆ.

ಆಮೇಲೆ ಮೇಡಂ, "ನಿಮ್ಮ ವಾರ್ಡಲ್ಲೇ ಕೆಲ್ಸ ಮಾಡೋ ಒಬ್ಬ ಗಂಡಸಿನ ಹೆಸರು ಹೇಳಿ" ಎಂದರು. ಇದೊಂದು ನನಗೆ ಗೊತ್ತಿತ್ತು. ಒಳ್ಳೆಯ ಕೆಲಸಗಾರ ಬೇಕಿರಬೇಕು ಎಂದುಕೊಂಡು ಮುಂದೆ ಬಂದು ತಮ್ಮನ ಹೆಸರು ಹೇಳಿದೆ. ಅವನನ್ನು ಎತ್ತಿ ಬೆಳೆಸಿದವಳು ನಾನು. ವಾರ್ಡ್‌ಬಾಯ್ ಕೆಲಸಕ್ಕೆ ಅರ್ಜಿ ಹಾಕಿಸಿದವಳೂ ನಾನೇ. ಹೆಮ್ಮೆಯಿಂದಲೇ ಹೇಳಿದೆ. ಮೇಡಂ ಬರೆದುಕೊಂಡರು.

ಮಾರ್ಚ್ 6, ಗುರುವಾರ

ತಮ್ಮ ಚಹಾಕ್ಕೆ ಬರಲಿಲ್ಲ. ಕೂಗಿದೆ. ಮಹಡಿಯ ಕಟಕಟೆ ಹಿಡಿದು ನಿಂತ, ಇಳಿಯಲಿಲ್ಲ.

"ಅಕ್ಕಾ, ನನ್ ಮೇಲೇ ಕೇಸ್ ಹಾಕಿದ್ಯಾ?"

"ನಿನ್ ಮೇಲಲ್ಲ ಕಣೋ. ಸರ್ಕಾರದ ಮೇಲೆ."

"ಮತ್ತೆ ನನ್ ಹೆಸರ್ಯಾಕೆ ಇದೆ ಅದ್ರಲ್ಲಿ? ನಿನ್ನೆ ಆಫೀಸಿಗೆ ಕರೆಸಿ ತೋರಿಸಿದ್ರು."

"ಒಳ್ಳೆ ಕೆಲಸಗಾರ ಅಂತ ಹೇಳ್ದೆ."

"ಒಳ್ಳೆ ಕೆಲಸಗಾರ ಅಂತಲ್ಲ! ಇವನ ಕೆಲಸಕ್ಕೂ ನಮ್ ಕೆಲಸಕ್ಕೂ ವ್ಯತ್ಯಾಸ ಇಲ್ಲ ಅಂತ! ಇವನಷ್ಟೇ ನಾವೂ ಅಂತ!"

ಅಷ್ಟರಲ್ಲಿ ಅವನ ಹೆಂಡತಿ ಹಿಂದಿನಿಂದ, "ಬೆಳಿಗ್ಗೆ ಬೆಳಿಗ್ಗೆ ಬೀದಿಗೆಲ್ಲ ಕೇಳೋ ಹಾಗೆ ಯಾಕೆ, ಒಳಗೆ ಬನ್ನಿ" ಎಂದಳು. ಅವನು ಒಳಗೆ ಹೋದ.

ಗುಡುಗನ್ನು ಕೇಳಿದೆ. ಹೌದಂತೆ. ಹೋಲಿಸಿ ನೋಡಲು ಒಬ್ಬ ಗಂಡಸು ಬೇಕೇ ಬೇಕಂತೆ. ನಾನು ತಮ್ಮನ ಹೆಸರು ಹೇಳಿದಾಗ ಅವಳಿಗೆ, "ದೊಡ್ಡಮ್ಮನಿಗೆ ಎಂಥಾ ಗುಂಡಿಗೆ" ಅನ್ನಿಸಿತಂತೆ. ಗುಂಡಿಗೆಯೂ ಇಲ್ಲ, ಗಿಂಡಿಗೆಯೂ ಇಲ್ಲ. ನನಗೆ ತಿಳಿದಿರಲಿಲ್ಲ, ಅಷ್ಟೇ.

ಅವನ ಲೋಟದ ಚಹಾ ಆರಿಹೋಗಿತ್ತು. ಚೆಲ್ಲಲು ಮನಸ್ಸಾಗದೆ ನಾನೇ ಕುಡಿದೆ.

ಮಾರ್ಚ್ 8, ಶನಿವಾರ

ತಮ್ಮ ಈಗ ರಸ್ತೆಯ ಆ ಕಡೆ ನಡೆಯುತ್ತಾನೆ. ನಾನು ಈ ಕಡೆ. ಔಷಧದ ಅಂಗಡಿ, ಬಸ್ಸಿನ ನಿಲ್ದಾಣ, ಶಾಲೆಯ ಗೋಡೆ, ಎಲ್ಲ ದಾಟಿ ಆಸ್ಪತ್ರೆಯ ಗೇಟಿನವರೆಗೂ ಹಾಗೆಯೇ. ಗೇಟು ಒಂದೇ ಇರುವುದರಿಂದ ಅಲ್ಲಿ ಇಬ್ಬರೂ ಸೇರಲೇಬೇಕು. ಅಲ್ಲಿ ಅವನು ಚಪ್ಪಲಿಯಲ್ಲಿ ಕಲ್ಲು ಸಿಕ್ಕಿದವನ ಹಾಗೆ ನಿಂತುಬಿಡುತ್ತಾನೆ, ನಾನು ಒಳಗೆ ಹೋಗಲಿ ಎಂದು.

ಮನೆಯವರಿಗೆ ಹೇಳಿದರೆ, ಬೆತ್ತದ ಕುರ್ಚಿ ಹೆಣೆಯುತ್ತಿದ್ದವರು ತಲೆ ಎತ್ತದೆ, "ಒಳ್ಳೇದಾಯ್ತು ಬಿಡು. ಚಹಾಪುಡಿ ಉಳೀತು" ಎಂದರು. ಇವರ ಜೊತೆ ಮಾತಾಡುವುದೂ ಒಂದೇ, ಕುರ್ಚಿಯ ಜೊತೆ ಮಾತಾಡುವುದೂ ಒಂದೇ.

ಮಾರ್ಚ್ 12, ಬುಧವಾರ

ಮಂಡಳಿಯಿಂದ ಒಬ್ಬ ಸಾಹೇಬರು ಬರುತ್ತಾರಂತೆ. ನಾಳೆ ತಮ್ಮನ ಕೆಲಸ ನೋಡುತ್ತಾರೆ, ನಾಡಿದ್ದು ನಮ್ಮದು. ದಿನವಿಡೀ ಕುಳಿತು ನೋಡಿ, ಯಾರದು ಭಾರ ಯಾರದು ಹಗುರ ಎಂದು ವರದಿ ಕೊಡುತ್ತಾರೆ. ಅದರ ಮೇಲೆಯೇ ಎಲ್ಲ ನಿಂತಿರುವುದು ಎಂದು ವಕೀಲೆ ಮೇಡಂ ಹೇಳಿದರು. ಈ ಆಸ್ಪತ್ರೆಯ ಆಯಾಗಳಿಗೆಲ್ಲ ಇದೊಂದೇ ಕೇಸು. ಇದು ಬಿದ್ದುಹೋದರೆ ಮತ್ತೆ ಹಾಕಲು ಬರುವುದಿಲ್ಲ.

ವಾರ್ಡಿನ ಸಿಸ್ಟರ್ ಹೇಳಿದ್ದು ಒಂದೇ ಮಾತು: "ನೋಡೋಕೆ ಬರ್ತಿದಾರೆ. ವಾರ್ಡ್ ಹೇಗಿರ್ಬೇಕು ಅಂತ ನಿಮ್ಗೆ ನಾನು ಹೇಳ್ಬೇಕಾ?" ಹೇಳಬೇಕಾಗಿಲ್ಲ. ಎಷ್ಟು ಇನ್ಸ್‌ಪೆಕ್ಷನ್ ನೋಡಿಲ್ಲ ನಾನು. ಒಂದು ಸಲವೂ ನಮ್ಮ ವಾರ್ಡಿನ ಮೇಲೆ ಬೆರಳು ತೋರಿಸಿದವರಿಲ್ಲ.

ಮಾರ್ಚ್ 13, ಗುರುವಾರ

ಸಾಹೇಬರು ಇಂದು ತಮ್ಮನ ಹಿಂದೆ ಓಡಾಡಿದರು. ಕನ್ನಡಕದ, ತೆಳ್ಳನೆಯ, ಸಾಧು ಮನುಷ್ಯ. ನಾನು ಕಣ್ಣಾರೆ ಕಂಡೆ: ತಮ್ಮ ಆಮ್ಲಜನಕದ ಸಿಲಿಂಡರನ್ನು ಹೆಗಲ ಮೇಲೆ ಹೊತ್ತು ಮೆಟ್ಟಿಲು ಹತ್ತಿ ಬಂದ! ಟ್ರಾಲಿ ಕೆಳಗೆ ಖಾಲಿ ನಿಂತಿತ್ತು. ಲಿಫ್ಟೂ ಕೆಟ್ಟಿರಲಿಲ್ಲ. ಮುಖವೆಲ್ಲ ಕೆಂಪಾಗಿ, ಕತ್ತಿನ ನರ ಉಬ್ಬಿ, "ಜಾಗ, ಜಾಗ!" ಎಂದು ಕೂಗುತ್ತಾ ಬಂದ. ಸಾಹೇಬರು ಹಿಂದೆಯೇ ಏದುಸಿರು ಬಿಡುತ್ತಾ ಬರೆದುಕೊಳ್ಳುತ್ತಿದ್ದರು.

ಇವನಿಗೆ ಬುದ್ಧಿ ಕೆಟ್ಟಿದೆಯೇ ಎಂದು ನನಗೆ ಅರ್ಥವೇ ಆಗಲಿಲ್ಲ.

ಮಾರ್ಚ್ 14, ಶುಕ್ರವಾರ

ದೇವರ ದಯೆಯಿಂದ ಎಲ್ಲ ಚೆನ್ನಾಗಿ ನಡೆಯಿತು.

ಪಾಳಿ ಶುರುವಾಗುವುದು ಆರಕ್ಕೆ. ನಾನು ಇಂದು ಕೋಳಿ ಕೂಗುವ ಹೊತ್ತಿಗೇ ವಾರ್ಡಿನಲ್ಲಿದ್ದೆ. ಗುಡುಗನ್ನೂ ಇನ್ನಿಬ್ಬರನ್ನೂ ಬರಹೇಳಿದ್ದೆ. ಗೊಣಗಿಕೊಂಡೇ ಬಂದರು, ಆದರೆ ಬಂದರು. ರಾತ್ರಿಯ ಒದ್ದೆ ಬಟ್ಟೆಯೆಲ್ಲ ತೆಗೆದೆವು. ಬೆಡ್‌ಪ್ಯಾನು ತೊಳೆದು ಬಿಸಿನೀರಿನಲ್ಲಿ ಅದ್ದಿಟ್ಟೆವು. ಒಬ್ಬೊಬ್ಬರನ್ನೂ ಮಗ್ಗುಲಿಗೆ ತಿರುಗಿಸಿ, ಬೆನ್ನು ಒರೆಸಿ, ಪೌಡರು ಹಾಕಿ, ಹೊಸ ಶೀಟು ಹಾಸಿದೆವು. ಮೂರನೇ ಹಾಸಿಗೆಯ ಟೀಚರಮ್ಮನನ್ನು ಎತ್ತಲು ನಾಲ್ಕು ಕೈ ಬೇಕಾಯಿತು. ಅಷ್ಟು ದೊಡ್ಡ ಆಳು, ಕಾಲಿನಲ್ಲಿ ಸ್ವಾಧೀನವಿಲ್ಲ, ಅರೆನಿದ್ದೆಯಲ್ಲಿ ನನ್ನ ಕುತ್ತಿಗೆಗೇ ಜೋತುಬಿದ್ದುಬಿಡುತ್ತಾರೆ. ಹನ್ನೊಂದು ಗಂಟೆಗೆ, ಎರಡು ಗಂಟೆಗೆ ಮಾಡುವ ಕೆಲಸಗಳನ್ನೂ ಎಷ್ಟಾಗುತ್ತದೋ ಅಷ್ಟು ಮುಂಚೆಯೇ ಮುಗಿಸಿಕೊಂಡೆವು. ನೆಲ ಒರೆಸಿ, ಕಿಟಕಿಯ ಸರಳು ಒರೆಸಿ, ಕೊಳೆ ಬಟ್ಟೆಯ ಗಾಡಿಯನ್ನು ಹಿಂಬಾಗಿಲಿನಿಂದ ಹೊರಗೆ ತಳ್ಳಿದೆವು. ಎಲ್ಲರೂ ಹೊಸ ಏಪ್ರನ್ ಕಟ್ಟಿಕೊಂಡೆವು.

ಸಾಹೇಬರು ಒಂಬತ್ತಕ್ಕೆ ಬಂದಾಗ ವಾರ್ಡು ಫಳಫಳ ಅನ್ನುತ್ತಿತ್ತು. ಒಂದು ಕಲೆ ಇಲ್ಲ, ಒಂದು ವಾಸನೆ ಇಲ್ಲ. ಅಜ್ಜಿಯರೆಲ್ಲ ತಲೆ ಬಾಚಿಸಿಕೊಂಡು ಫೋಟೋಕ್ಕೆ ಕುಳಿತವರ ಹಾಗೆ ಇದ್ದರು. ಮನೆಯಿಂದ ತಂದ ಬೆತ್ತದ ಕುರ್ಚಿಯನ್ನೇ ಹಾಕಿ ಕೂರಿಸಿದೆ. ಚಹಾ ಕೊಟ್ಟೆ. ಗುಡುಗು ಕೂಡ ಪಿಸುದನಿಯಲ್ಲಿ ಮಾತಾಡಿದಳು, ಅದನ್ನು ನಾನು ಇದೇ ಮೊದಲು ಕೇಳಿದ್ದು.

ಸಾಹೇಬರು ಟೀಚರಮ್ಮನ ಹತ್ತಿರ ಹೋಗಿ, "ನಿಮ್ಮನ್ನ ಚೆನ್ನಾಗಿ ನೋಡ್ಕೊಳ್ತಾರಾ ಅಜ್ಜಿ?" ಎಂದು ಕೇಳಿದರು. ಅವರು ರಾಣಿಯ ಹಾಗೆ ದಿಂಬಿಗೊರಗಿ, "ಇಲ್ಲಿ ಯಾರೂ ಏನೂ ಮಾಡೋಲ್ಲಪ್ಪ. ಎಲ್ಲಾ ತಾನಾಗೇ ಆಗುತ್ತೆ" ಎಂದರು. ಎಲ್ಲರೂ ನಕ್ಕೆವು. ಸಾಹೇಬರೂ ನಕ್ಕರು. ಹೋಗುವಾಗ ನನಗೆ ಕೈಮುಗಿದು, "ಇಷ್ಟು ಶಾಂತವಾಗಿರೋ ವಾರ್ಡು ನಾನು ನೋಡೇ ಇಲ್ಲಮ್ಮ" ಎಂದರು.

ಬರುವಾಗ ದಾರಿಯಲ್ಲಿ ದೇವರಿಗೆ ಮನಸ್ಸಿನಲ್ಲೇ ಕೈಮುಗಿದೆ. ಮಾನ ಉಳಿಸಿದ.

ಮಾರ್ಚ್ 15, ಶನಿವಾರ

ಸೊಂಟ ಹಿಡಿದಿದೆ. ಬಗ್ಗಿದರೆ ಏಳಲಾಗುವುದಿಲ್ಲ, ಎದ್ದರೆ ಬಗ್ಗಲಾಗುವುದಿಲ್ಲ. ದೀಪ ಮಾತ್ರ ಹಚ್ಚಿದೆ.

ಮಾರ್ಚ್ 24, ಸೋಮವಾರ

ಉಪವಾಸ.

ವರದಿ ಬಂದಿದೆ. ವಕೀಲೆ ಮೇಡಂ ಬಟ್ಟೆಕೋಣೆಯಲ್ಲಿ ಓದಿದರು. ತಮ್ಮನದು: ಸಿಲಿಂಡರನ್ನು ಹೆಗಲ ಮೇಲೆ ಹೊತ್ತು ಮೆಟ್ಟಿಲು ಹತ್ತುವ ಅತಿ ಭಾರದ ಕೆಲಸ. ನಮ್ಮದು: ವಾರ್ಡು ಶಾಂತ, ರೋಗಿಗಳು ತೃಪ್ತರು, ಆಯಾಗಳು ಬಹಳ ಹೊತ್ತು ನಿಂತಿರುತ್ತಾರೆ. ಗಮನಕ್ಕೆ ಬಂದ ಅತಿ ಭಾರದ ವಸ್ತು, ಚಹಾದ ತಟ್ಟೆ. ಕೊನೆಯಲ್ಲಿ ಟೀಚರಮ್ಮನ ಮಾತನ್ನೂ ಹಾಕಿದ್ದಾರೆ, ಅವರು ಹೇಳಿದ ಹಾಗೆಯೇ. ಇಲ್ಲಿ ಯಾರೂ ಏನೂ ಮಾಡುವುದಿಲ್ಲ, ಎಲ್ಲ ತಾನಾಗಿಯೇ ಆಗುತ್ತದೆ.

ಆಮೇಲೆ ಗುಡುಗು ನನ್ನ ಕಡೆ ತಿರುಗಿದಳು.

"ಹೊಳೀತಿತ್ತಲ್ಲ ದೊಡ್ಡಮ್ಮ, ವಾರ್ಡು! ಕನ್ನಡಿ ಹಾಗೆ ಹೊಳೀತಿತ್ತು! ನೋಡ್ಕೊಳ್ಳಿ ಈಗ ಮುಖ!"

"ನೋಡೋಕೆ ಬರ್ತಾರೆ ಅಂದ್ರೆ ಗಲೀಜಾಗಿ ಇಟ್ಕೊಳ್ಳೋಕೆ ಆಗುತ್ತೇನೇ?"

"ಗಲೀಜು ನೋಡೋಕೇ ಬಂದಿದ್ದಿದ್ದು ಅವ್ನು! ಅದನ್ನ ಎತ್ತೋದೇ ನಮ್ ಕೆಲಸ!"

ಮೇಡಂ ಅವಳನ್ನು ಸುಮ್ಮನಾಗಿಸಿದರು. ವರದಿಗೆ ನಾವು ಉತ್ತರ ಕೊಡಬೇಕು. ಏಪ್ರಿಲ್ ಏಳು ಕೊನೆಯ ದಿನ. ಒಪ್ಪುತ್ತೇವೆ ಎಂದರೆ ಕೇಸು ಮುಗಿಯಿತು. ಒಪ್ಪುವುದಿಲ್ಲ ಎಂದರೆ, ಯಾಕೆ ಎಂದು ಮೊದಲ ಹೆಸರಿನವಳೇ, ಅಂದರೆ ನಾನೇ, ನನ್ನ ಮಾತಿನಲ್ಲಿ ಬರೆದು ಇನ್ನೊಮ್ಮೆ ನೋಡಿ ಎಂದು ಕೇಳಬೇಕು. ಹೋಲಿಕೆಗೆ ಯಾವ ಗಂಡಸು ಎಂಬುದನ್ನೂ ಮತ್ತೆ ಬರೆಯಬೇಕು. ಬೇಕಿದ್ದರೆ ಬೇರೆಯವರ ಹೆಸರು ಹಾಕಬಹುದು. "ವರದಿ ಸುಳ್ಳು ಅಂತ ಬರೀರಿ" ಎಂದರು ಮೇಡಂ.

ಅಲ್ಲೇ ನನಗೆ ಸಿಕ್ಕಾಗಿರುವುದು. ಅದರಲ್ಲಿ ಒಂದು ಮಾತೂ ಸುಳ್ಳಲ್ಲ. ವಾರ್ಡು ಶಾಂತವಾಗಿತ್ತು. ನಾವು ನಿಂತಿದ್ದೆವು. ಚಹಾದ ತಟ್ಟೆಯನ್ನು ನಾನೇ ಎತ್ತಿದ್ದು. ಆ ಮನುಷ್ಯ ಕಂಡದ್ದನ್ನು ಕಂಡ ಹಾಗೆ ಬರೆದಿದ್ದಾರೆ. ಉಪವಾಸ ಮಾಡಿಕೊಂಡು ಕುಳಿತು, ನಿಜವನ್ನು ಸುಳ್ಳು ಎಂದು ಹೇಗೆ ಬರೆಯಲಿ? ಹಾಗಾದರೆ ವರದಿ ನಿಜವೇ? ನಿಜವಾದರೆ ನನ್ನ ಸೊಂಟ ಯಾಕೆ ಹಿಡಿಯಿತು?

ಮಾರ್ಚ್ 26, ಬುಧವಾರ

ಗುಡುಗು ಮಾತು ಬಿಟ್ಟಿದ್ದಾಳೆ. ಅವಳ ಮೌನ ಅವಳ ದನಿಗಿಂತ ಜೋರು. ಉಳಿದವರೂ ನಾನು ಹೋದರೆ ಬಕೆಟ್ಟು ಎತ್ತಿಕೊಂಡು ಆಚೆ ಹೋಗುತ್ತಾರೆ. ತಮ್ಮ ರಸ್ತೆಯ ಆ ಕಡೆ. ಮನೆಯವರು ಕುರ್ಚಿಯ ಒಳಗೆ.

ದೇವರ ಮುಂದೆ ಕುಳಿತು ಕೇಳಿದೆ. ನಾನು ಮಾಡುವುದನ್ನೆಲ್ಲ ನೀನು ನೋಡುತ್ತಿದ್ದೀಯ, ಅಷ್ಟು ಸಾಕು ಎಂದೇ ಇಷ್ಟು ದಿನ ಇದ್ದೆ. ಈಗ ಆ ಸಾಹೇಬರೂ ನೋಡಬೇಕಂತೆ. ಅವರಿಗೆ ತೋರಿಸಿದರೆ ನಿನಗೆ ಬೇಸರವೇ? ಏನೂ ತಿಳಿಯಲಿಲ್ಲ. ದೀಪ ನೆಟ್ಟಗೆ ಉರಿಯುತ್ತಿತ್ತು. ಒಪ್ಪಿಗೆ ಎಂದುಕೊಳ್ಳಲೋ, ಗಾಳಿ ಇರಲಿಲ್ಲ ಎಂದುಕೊಳ್ಳಲೋ.

ಮಾರ್ಚ್ 29, ಶನಿವಾರ

ಟೀಚರಮ್ಮನಿಗೆ ಎಕ್ಸ್‌ರೇ ಬರೆದಿದ್ದರು. ತಮ್ಮ ಸ್ಟ್ರೆಚರ್ ತಂದ. ಗುಡುಗು ರಜೆ, ಉಳಿದಿಬ್ಬರು ಊಟಕ್ಕೆ ಹೋಗಿದ್ದರು. ನಾನು ಮತ್ತು ಅವನು, ಅಷ್ಟೇ.

ಅವರ ಮೈ ಕೆಳಗಿನ ಶೀಟನ್ನು ಎರಡೂ ಕಡೆಯಿಂದ ಸುರುಳಿ ಸುತ್ತಿ ಹಿಡಿದೆವು. ಅವನು ಕಾಲಿನ ಕಡೆ, ನಾನು ತಲೆಯ ಕಡೆ. ಮಾತು ಬಿಟ್ಟವನು ಎಣಿಸಲೇಬೇಕಾಯಿತು. ಒಟ್ಟಿಗೆ ಎಣಿಸದಿದ್ದರೆ ಒಟ್ಟಿಗೆ ಎತ್ತಲಾಗುವುದಿಲ್ಲ.

"ಒಂದು, ಎರಡು, ಎತ್ತು!"

ಎತ್ತಿ ದಾಟಿಸಿದೆವು. ಟೀಚರಮ್ಮ ಸ್ಟ್ರೆಚರಿನ ಮೇಲೆ ಮಲಗಿ, "ಆಹಾ, ಹಾರಿದ ಹಾಗಾಯ್ತು" ಎಂದರು. ತಮ್ಮನ ಮುಖದಲ್ಲಿ ನಗು ಬಂದಿತ್ತು, ನನ್ನನ್ನು ಕಂಡು ನುಂಗಿಕೊಂಡ. ಎಡಹೆಗಲನ್ನು ಉಜ್ಜಿಕೊಳ್ಳುತ್ತಾ ತಳ್ಳಿಕೊಂಡು ಹೋದ.

ಶೀಟು ಬಿಟ್ಟ ಮೇಲೂ ಅಂಗೈಯಲ್ಲಿ ಅದರ ಗೆರೆ ಉಳಿದಿತ್ತು. ಅವನ ಅಂಗೈಯಲ್ಲೂ ಇರಬೇಕು. ನೋಡಲು ಹೋಗಲಿಲ್ಲ.

ಏಪ್ರಿಲ್ 1, ಮಂಗಳವಾರ

ತಮ್ಮ ಬಂದಿದ್ದ. ಹೆಗಲು ಊದಿಕೊಂಡಿದೆ, ಹೆಂಡತಿಯ ಕೈ ಬಿರುಸು, ನೀನು ಹಚ್ಚು ಎಂದು ಮುಲಾಮು ಹಿಡಿದುಕೊಂಡು ಕೊನೆಯ ಮೆಟ್ಟಿಲ ಮೇಲೆ ಕುಳಿತ. ಅವನ ಹೆಂಡತಿಯ ಕೈ ಹೂವಿನಂಥದ್ದು. ಆದರೂ ಹಚ್ಚಿದೆ.

"ಸಿಲಿಂಡರ್ ಹೊತ್ತಿದ್ದಕ್ಕೆ ತಾನೇ ಇದು? ಟ್ರಾಲಿಗೆ ಏನಾಗಿತ್ತೋ?"

"ಟ್ರಾಲಿ ಮೇಲೆ ತಳ್ಳಿದ್ರೆ ಅದು ಭಾರ ಅಂತ ಅವ್ನಿಗೆ ಕಾಣುತ್ತಾ ಅಕ್ಕಾ?"

"ಅಂದ್ರೆ ಬೇಕು ಅಂತ ಹೊತ್ಯಾ?"

"ಮತ್ತೆ? ಜನ್ಮದಲ್ಲಿ ಮೊದಲನೇ ಸಲ. ಇನ್ನು ಮೇಲೆ ಹೊರಲ್ಲ, ಆಣೆ." ಹೆಗಲು ಒತ್ತಿದ್ದಕ್ಕೆ ಅಯ್ಯೋ ಎಂದ. "ನೀನೇನ್ ಮಾಡ್ದೆ ಅವತ್ತು?"

"ಅವರು ಬರೋ ಹೊತ್ತಿಗೆ ಎಲ್ಲಾ ಮುಗಿಸಿಟ್ಟಿದ್ದೆ."

ತಿರುಗಿ ನನ್ನ ಮುಖ ನೋಡಿದ. ಆಮೇಲೆ ನಗಲು ಶುರು ಮಾಡಿದ. ನಗುವಾಗ ಹೆಗಲು ನೋಯುತ್ತದೆ, ನೋವಿಗೆ ಅಯ್ಯೋ ಎನ್ನುತ್ತಾನೆ, ಮತ್ತೆ ನಗುತ್ತಾನೆ. "ಮುಗಿಸಿಟ್ಟಿದ್ಲಂತೆ! ಅಯ್ಯೋ ಅಕ್ಕಾ! ಕುರ್ಚಿ ಬೇರೆ ಹೊತ್ಕೊಂಡು ಹೋಗಿದ್ಲು ಅವನಿಗೆ!" ನನಗೂ ನಗು ಬಂತು, ಯಾಕೆ ಎಂದು ತಿಳಿಯಲಿಲ್ಲ. ಬಹಳ ದಿನವಾಗಿತ್ತು ನಾವು ನಕ್ಕು.

ನಗು ನಿಂತ ಮೇಲೆ ಹೇಳಿದ, "ನಿನಗೆ ಜಾಸ್ತಿ ಬರ್ಲಿ ಅಕ್ಕಾ, ನನಗೇನು ಹೊಟ್ಟೆಯುರಿ ಇಲ್ಲ. ಆದ್ರೆ ಸಮ ಮಾಡೋದು ಅಂದ್ರೆ ನಿನ್ನ ಮೇಲಕ್ಕೆ ಎತ್ತಬಹುದು, ನನ್ನ ಕೆಳಕ್ಕೂ ಇಳಿಸಬಹುದು. ನಮ್ಮವರೆಲ್ಲ ಅದೇ ಹೇಳ್ತಿದಾರೆ."

"ಇಳಿಸೋ ಹಾಗಿಲ್ಲ ಅಂತ ಮೇಡಂ ಅಂದ್ರು."

"ನೀನು ಹೇಳು, ಇಳಿಸಲ್ಲ ಅಂತ."

ನನಗೇನು ಗೊತ್ತು? ಚಿಕ್ಕವನಿದ್ದಾಗ ಕತ್ತಲಲ್ಲಿ ಏನೂ ಇಲ್ಲ ಮಲಗು ಎನ್ನುತ್ತಿದ್ದೆ, ಅದನ್ನು ನಂಬಿ ಮಲಗುತ್ತಿದ್ದ. ಇಂದು ಆ ಮಾತು ಬಾಯಿಗೆ ಬರಲಿಲ್ಲ.

"ಬೇರೆ ಯಾವನ್ದಾದ್ರೂ ಹೆಸರು ಹಾಕು" ಎಂದ. "ಎರಡನೇ ವಾರ್ಡಿನವನು ಇದಾನಲ್ಲ, ಮೀಸೆ."

"ಮೀಸೆ ಕೆಲಸ ನನಗೇನ್ ಗೊತ್ತೋ? ನನಗೆ ಗೊತ್ತಿರೋದು ನಿನ್ ಕೆಲಸ."

ಮುಲಾಮಿನ ಮುಚ್ಚಳ ಹಾಕಿಕೊಂಡು ಮೇಲೆ ಹೋದ. ಕೋಪವೋ ಬೇಸರವೋ ಗೊತ್ತಾಗಲಿಲ್ಲ.

ಏಪ್ರಿಲ್ 3, ಗುರುವಾರ

ಬರೆಯಲು ಕುಳಿತರೆ ಮೊದಲ ಸಾಲೇ ಏಳುವುದಿಲ್ಲ. ವರದಿ ನಿಜ ಎಂದು ಬರೆದರೆ ಎಲ್ಲರ ಬಾಯಿಗೆ ಮಣ್ಣು. ಸುಳ್ಳು ಎಂದು ಬರೆದರೆ ನನ್ನ ಬಾಯಿಗೆ.

ಮನೆಯವರನ್ನು ಕೇಳಿದೆ. ಒಬ್ಬ ಗಿರಾಕಿಗೆ ಕುರ್ಚಿ ಕೊಡುತ್ತಿದ್ದರು. ಕುರ್ಚಿಯ ಜೊತೆಗೆ ಒಂದು ಚೀಲದ ತುಂಬ ಅದರಿಂದಲೇ ಬಿಚ್ಚಿದ ಮುರುಕು ಹಳೆಯ ಬೆತ್ತ. ಅದನ್ನು ಯಾಕೆ ಕೊಡುತ್ತೀರಿ, ಒಲೆಗಾದರೂ ಆಗುತ್ತಿತ್ತು ಎಂದೆ. "ಹೊಸದು ಹೆಣೆದ ಮೇಲೆ ಹಳೇ ತೂತು ಯಾರಿಗೆ ಕಾಣುತ್ತೆ? ಚೀಲ ಕೊಟ್ರೆ ಚೌಕಾಸಿ ಮಾಡಲ್ಲ" ಎಂದರು. ನಾನು ಕೇಳಿದ್ದೇನು, ಇವರು ಹೇಳುವುದೇನು. ಇವರಿಗೆ ಜಗತ್ತೆಲ್ಲ ಕುರ್ಚಿ.

ಏಪ್ರಿಲ್ 4, ಶುಕ್ರವಾರ

ಬೆಳಿಗ್ಗೆ ಟೀಚರಮ್ಮನ ಶೀಟು ಬದಲಿಸುವಾಗ ಅವರಿಗೆ ಪೂರ್ತಿ ಎಚ್ಚರವಾಗಿಬಿಟ್ಟಿತು. ದಿನವೂ ಅರೆನಿದ್ದೆಯಲ್ಲಿ ಇರುವವರು ಇಂದು ಕಣ್ಣು ಬಿಟ್ಟು ನೋಡಿದರು. ನಾನು ಅವರ ಕಂಕುಳಲ್ಲಿ ಕೈ ಕೊಟ್ಟು ಎತ್ತಿದ್ದೆ. ಗುಡುಗು ಒದ್ದೆ ಶೀಟು ಎಳೆಯುತ್ತಿದ್ದಳು. ಒದ್ದೆಯೆಂದರೆ ಬರೀ ಒದ್ದೆಯಲ್ಲ.

"ಅಯ್ಯೋ, ದಿನಾ ಹೀಗೇನಾ?" ಎಂದರು.

"ದಿನಾ ಹೀಗೇ ಅಜ್ಜಿ" ಎಂದಳು ಗುಡುಗು.

ಟೀಚರಮ್ಮ ಅತ್ತುಬಿಟ್ಟರು. ನಾಚಿಕೆಗೆ. ಮಕ್ಕಳಿಗೆ ಪಾಠ ಹೇಳಿದ ಕೈಯಿಂದ ಮುಖ ಮುಚ್ಚಿಕೊಂಡರು. "ಏನೂ ಇಲ್ಲ, ಏನೂ ಆಗಿಲ್ಲ" ಎಂದು ಹೇಳುತ್ತಾ ಹೇಳುತ್ತಾ ಒರೆಸಿದೆ. ಹೊಸ ಶೀಟು ಹಾಸಿ, ತಲೆ ಬಾಚಿದೆ. ತಿಂಡಿ ಬರುವ ಹೊತ್ತಿಗೆ ಮತ್ತೆ ರಾಣಿಯ ಹಾಗೆ ಒರಗಿದ್ದರು. ಎಲ್ಲ ಮರೆತೂ ಹೋಗಿತ್ತು. ಮರೆಯಲಿ. ಮರೆಯಬೇಕು ಎಂದೇ ಅಲ್ಲವೇ ಅಷ್ಟು ಬೇಗ ಬೇಗ ಮಾಡುವುದು.

ಬಟ್ಟೆಕೋಣೆಯಲ್ಲಿ ಗುಡುಗು ತಾನಾಗಿ ಮಾತಾಡಿದಳು. "ಸಾಹೇಬ್ರು ಬರ್ಬೇಕಿತ್ತು ದೊಡ್ಡಮ್ಮ, ಈಗ."

"ಬಂದ್ರೂ ಅಜ್ಜೀನ ಒದ್ದೆಯಲ್ಲಿ ಕಾಯಿಸೋಕೆ ನಾನು ಬಿಡಲ್ಲ" ಎಂದೆ. "ತೋರಿಸೋದಕ್ಕೆ ಅಂತ ಅವರನ್ನ ಹಾಗೇ ಬಿಟ್ರೆ ಪಾಪ ಸುತ್ಕೊಳುತ್ತೆ."

"ಕಾಯಿಸಿ ಅಂತ ಯಾರಂದ್ರು? ನಮ್ ಹೊತ್ತಿಗೆ ಅವ್ನು ಬರ್ಲಿ. ಅವನ ಹೊತ್ತಿಗೆ ನಾವ್ಯಾಕೆ ಓಡ್ಬೇಕು?"

ಈ ಮಾತು ನನ್ನ ತಲೆಯಲ್ಲಿ ನೊಣದ ಹಾಗೆ ಸುತ್ತುತ್ತಿದೆ.

ಏಪ್ರಿಲ್ 5, ಶನಿವಾರ

ಉತ್ತರ ಬರೆದೆ. ಉದ್ದವಾಗಲಿಲ್ಲ. "ವರದಿಯಲ್ಲಿ ಇರುವುದೆಲ್ಲ ಸಾಹೇಬರು ಕಂಡದ್ದೇ. ಸುಳ್ಳಿಲ್ಲ. ಆದರೆ ಯಾವುದೂ ತಾನಾಗಿ ಆದದ್ದಲ್ಲ, ನಾವು ಮಾಡಿದ್ದು. ಅವರು ಬರುವ ಮೊದಲೇ ಮಾಡಿ ಮುಗಿಸಿದ್ದೆವು. ಇನ್ನೊಮ್ಮೆ ನೋಡಬೇಕು ಎಂದು ಕೇಳುತ್ತೇನೆ. ಈ ಸಲ ಕೆಲಸದ ಹೊತ್ತಿಗೆ ಬರಬೇಕು." ಕೆಳಗೆ ಗಂಡಸಿನ ಹೆಸರು ಎಂಬಲ್ಲಿ ಪೆನ್ನು ನಿಂತಿತು. ನಿಲ್ಲಿಸಿಕೊಂಡೇ ಬಹಳ ಹೊತ್ತು ಕುಳಿತಿದ್ದೆ. ತಮ್ಮನ ಹೆಸರೇ ಬರೆದೆ. ಸರಿಯೋ ತಪ್ಪೋ ಈಗಲೂ ಗೊತ್ತಿಲ್ಲ.

ಮೇಡಂಗೆ ಫೋನಿನಲ್ಲಿ ಓದಿ ಹೇಳಿದೆ. "ಸುಳ್ಳಿಲ್ಲ ಅಂತ ಯಾಕಮ್ಮ ಬರೆದ್ರಿ?" ಎಂದು ರೇಗಿದರು. ಆಮೇಲೆ ಇನ್ನೊಮ್ಮೆ ಓದಿ ಎಂದರು. ಓದಿದೆ. "ಇರಲಿ ಬಿಡಿ, ಒಂದಕ್ಷರ ಬದಲಾಯಿಸ್ಬೇಡಿ" ಎಂದರು. ಹೆಚ್ಚು ಓದಿದವರ ಮನಸ್ಸು ನಮಗೆ ತಿಳಿಯುವುದಿಲ್ಲ.

ಏಪ್ರಿಲ್ 6, ಭಾನುವಾರ

ಬೆಳಿಗ್ಗೆ ಚಹಾ ಸೋಸುತ್ತಿದ್ದೆ. ತಮ್ಮ ಇಳಿದು ಬಂದು ಮೆಟ್ಟಿಲ ಮೇಲೆ ಕುಳಿತ. ಕರೆದಿರಲಿಲ್ಲ. ಲೋಟ ಕೊಟ್ಟೆ.

"ಮೀಸೆ ಹೆಸರು ಹಾಕಿದ್ಯಾ?"

"ಇಲ್ಲ."

ಎರಡು ಗುಟುಕು ಕುಡಿದ. "ಒಳ್ಳೇದಾಯ್ತು. ಅವನಿಗೆ ಶೀಟ್ ಹಿಡಿಯೋಕೆ ಬರಲ್ಲ. ಎಣಿಸೋದನ್ನೇ ಮರೀತಾನೆ." ಇನ್ನೊಂದು ಗುಟುಕು. "ನನ್ನ ಇಳಿಸಿದ್ರೆ ಮಾತ್ರ, ಅಕ್ಕಾ, ನಿನ್ನ ಮನೇಲೇ ಮೂರು ಹೊತ್ತೂ ಊಟ."

"ಈಗೇನು ಉಪವಾಸ ಇದೀಯಾ?" ಎಂದೆ.

ಆಸ್ಪತ್ರೆಗೆ ಹೋಗುವಾಗ ರಸ್ತೆಯ ಆ ಕಡೆಯೇ ನಡೆದ. ಅಭ್ಯಾಸವಾಗಿಬಿಟ್ಟಿದೆಯೋ ಏನೋ. ಆದರೆ ಶಾಲೆಯ ಗೋಡೆಯ ಹತ್ತಿರ ಆ ಕಡೆಯಿಂದಲೇ ಕೂಗಿ ಏನೋ ತಮಾಷೆ ಹೇಳಿದ. ಬಸ್ಸಿನ ಸದ್ದಿನಲ್ಲಿ ಏನೂ ಕೇಳಲಿಲ್ಲ. ಸುಮ್ಮನೆ ನಕ್ಕೆ.

ಗುಡುಗಿಗೂ ಉಳಿದವರಿಗೂ ಹೇಳಿದ್ದೇನೆ: ನಾಳೆ ಯಾರೂ ಹೊತ್ತಿಗೆ ಮುಂಚೆ ಬರಬೇಡಿ. ನಾನೂ ಬರುವುದಿಲ್ಲ. ಆರಕ್ಕೆ ಬಂದು, ಆರಕ್ಕೆ ಶುರು ಮಾಡೋಣ. ಕೊಳೆ ಬಟ್ಟೆಯ ಗಾಡಿ ಅದರ ಜಾಗದಲ್ಲೇ ಇರಲಿ.

ನಾಳೆ ಸೋಮವಾರ, ಉಪವಾಸ. ಎರಡು ತುಂಡು ಬ್ರೆಡ್ಡು ತಿಂದೇ ಹೋಗುತ್ತೇನೆ. ಕೆಲಸವಿದೆ.

ಉತ್ತರವನ್ನು ನೀವೇ ಮಂಡಳಿಯ ಆಫೀಸಿಗೆ ತಂದು ಕೊಡಬೇಕು ಎಂದು ನಿನ್ನೆ ಅಲ್ಲಿನ ಗುಮಾಸ್ತರು ಹೇಳಿದ್ದರು. ಇಂದು ಸಿಸ್ಟರ್ ಕೈಯಲ್ಲಿ ಆ ಗುಮಾಸ್ತರ ಮನೆಗೇ ಫೋನು ಮಾಡಿಸಿ, ನಾನೇ ಮಾತಾಡಿದೆ. ಮಾತಾಡುವಾಗ ಏನು ಹೇಳಿದೆನೋ ಪೂರ್ತಿ ನೆನಪಿಲ್ಲ, ಹೀಗೇ ಇರಬೇಕು: ನನ್ನ ಉತ್ತರ ಸಿದ್ಧವಾಗಿದೆ ಸ್ವಾಮಿ. ವಾರ್ಡು ಬಿಟ್ಟು ನಾನು ಬರಲಾರೆ. ಯಾರನ್ನಾದರೂ ಕಳಿಸಿ, ಕನ್ನಡಕದ ಸಾಹೇಬರೇ ಬಂದರೆ ಇನ್ನೂ ಒಳ್ಳೆಯದು. ನಾಳೆ ಬೆಳಿಗ್ಗೆ ಆರು ಗಂಟೆಗೆ ಮೂರನೇ ಹಾಸಿಗೆಯ ಹತ್ತಿರ ಬರಲಿ. ಉತ್ತರ ನನ್ನ ಏಪ್ರನ್ ಜೇಬಿನಲ್ಲಿರುತ್ತದೆ, ಆದರೆ ಆ ಹೊತ್ತಿಗೆ ನನ್ನ ಎರಡು ಕೈಯೂ ಖಾಲಿ ಇರುವುದಿಲ್ಲ. ಬಂದವರು ಅಜ್ಜಿಯ ಕಾಲಿನ ಕಡೆ ಶೀಟು ಹಿಡಿದುಕೊಂಡು ನನ್ನ ಜೊತೆ ಎಣಿಸಲಿ. ಎತ್ತಿ ಮಲಗಿಸಿದ ಮೇಲೆ ಕೈ ತೊಳೆದು ಕೊಡುತ್ತೇನೆ, ತೆಗೆದುಕೊಂಡು ಹೋಗಲಿ.